ಸೆಲರಿ ಗೆಡ್ಡೆ: ನಾಲ್ಕು ಪ್ರಶ್ನೆ, ನಾಲ್ಕು ಊಟ

ಜರ್ಮನಿಗೆ ಓದಲು ಬಂದ ನಮ್ಮಲ್ಲಿ ಬಹಳಷ್ಟು ಜನ ಮೊದಲ ಚಳಿಗಾಲದಲ್ಲಿ ಹೇಳುವ ಮಾತು ಒಂದೇ: “ಇಲ್ಲಿ ನಮಗೆ ತಿನ್ನೋಕೆ ತರಕಾರಿನೇ ಇಲ್ಲ.” ಬೆಂಡೆಕಾಯಿ, ತೊಂಡೆಕಾಯಿ, ಹೀರೇಕಾಯಿ ಏಷ್ಯನ್ ಅಂಗಡಿಯಲ್ಲಿ ಸಿಗುತ್ತವೆ ನಿಜ. ಆದರೆ ವಿಮಾನದಲ್ಲಿ ಬಂದ ತರಕಾರಿಯ ಬೆಲೆ ವಿದ್ಯಾರ್ಥಿಯ ಜೇಬಿಗೆ ವಾರಕ್ಕೆ ಒಂದು ಸಲವೂ ಭಾರವೇ. ಹಾಗಾಗಿ ಜನವರಿ, ಫೆಬ್ರವರಿಯ ಪರೀಕ್ಷೆ ದಿನಗಳಲ್ಲಿ ನಮ್ಮ ಊಟ ಆಲೂಗಡ್ಡೆ, ಈರುಳ್ಳಿ, ಇನ್‌ಸ್ಟಂಟ್ ನೂಡಲ್ಸ್ ಇಷ್ಟಕ್ಕೇ ನಿಂತುಬಿಡತ್ತೆ. ಮನೆಗೆ ಫೋನ್ ಮಾಡಿದಾಗ “ಊಟ ಆಯ್ತಾ?” ಅಂದರೆ “ಆಯ್ತು” ಅಂತೀವಿ, ಏನು ಊಟ ಅಂತ ಮಾತ್ರ ಹೇಳೋದಿಲ್ಲ.

ಅದೇ ದಿನಗಳಲ್ಲಿ ಯಾವುದೇ ಸೂಪರ್ ಮಾರ್ಕೆಟ್‌ನ ತರಕಾರಿ ಸಾಲಿನ ಕೆಳಗಿನ ಬುಟ್ಟಿಯಲ್ಲಿ ಒಂದು ಗೆಡ್ಡೆ ಕೂತಿರುತ್ತದೆ. ತೆಂಗಿನಕಾಯಿಯಷ್ಟು ದಪ್ಪ, ಮೈಮೇಲೆಲ್ಲ ಗಂಟು, ಬುಡದಲ್ಲಿ ಗಡ್ಡದ ಹಾಗೆ ಬೇರು, ಸಂದಿಯಲ್ಲಿ ಮಣ್ಣು. ಜರ್ಮನ್‌ನಲ್ಲಿ ಇದಕ್ಕೆ ಕ್ನೊಲ್ಲೆನ್‌ಝೆಲ್ಲೆರಿ ಅಂತ ಹೆಸರು. ಕನ್ನಡದಲ್ಲಿ ಇದಕ್ಕೆ ರೂಢಿಯ ಹೆಸರಿಲ್ಲದ ಕಾರಣ ನಾವು ಸೆಲರಿ ಗೆಡ್ಡೆ ಎಂದು ಕರೆಯೋಣ. ಈ ಪಾಠದ ಉದ್ದೇಶ ಬರೀ ಒಂದು ಅಡುಗೆ ಕಲಿಸುವುದಲ್ಲ. ಗುರುತಿಲ್ಲದ ತರಕಾರಿಯನ್ನು ನಮ್ಮ ಅಡುಗೆಗೆ ಒಗ್ಗಿಸುವುದು ಹೇಗೆ ಎಂಬ ವಿಧಾನವನ್ನು ಈ ಒಂದು ಗೆಡ್ಡೆಯ ಮೂಲಕ ನೋಡುವುದು.

೧. ಇದು ಯಾರ ಮನೆಯವರು?

ಸೂಪ್, ಸಲಾಡ್‌ಗಳಲ್ಲಿ ಬಳಸುವ ಹಸಿರು ದಂಟಿನ ಸೆಲರಿ ನಮಗೆ ಗೊತ್ತು. ಸೆಲರಿ ಗೆಡ್ಡೆ ಅದೇ ಜಾತಿಯ ಇನ್ನೊಂದು ಬಗೆ. ಒಂದನ್ನು ದಂಟಿಗಾಗಿ, ಇನ್ನೊಂದನ್ನು ಗೆಡ್ಡೆಗಾಗಿ ಬೆಳೆಸುತ್ತಾ ಬಂದರು. ಕಾಂಡದ ಬುಡವೂ ಬೇರೂ ಸೇರುವ ಜಾಗ ಉಬ್ಬಿ ಇದು ಗೆಡ್ಡೆಯಾಗಿದೆ. ನಮ್ಮ ನವಿಲುಕೋಸು ಕೂಡ ಹೀಗೇ ಉಬ್ಬಿದ ಕಾಂಡ ತಾನೇ!

ಕಾಡು ಸೆಲರಿ ಮೆಡಿಟರೇನಿಯನ್ ಸುತ್ತಮುತ್ತಲಿನ ಜೌಗು ನೆಲದ ಗಿಡ. ಈಜಿಪ್ಟ್‌ನ ತುತಾಂಖಾಮುನ್ ಸಮಾಧಿಯಲ್ಲಿ ಸಿಕ್ಕ ಹಾರಗಳಲ್ಲಿ ಇದರ ಎಲೆ ಇತ್ತು. ಪ್ರಾಚೀನ ಗ್ರೀಸ್‌ನ ನೆಮಿಯಾ ಕ್ರೀಡಾಕೂಟದಲ್ಲಿ ಗೆದ್ದವರಿಗೆ ಕಾಡು ಸೆಲರಿಯ ಕಿರೀಟ ತೊಡಿಸುತ್ತಿದ್ದರು. ಗ್ರೀಕರು ಇದನ್ನು ಸೆಲಿನೋನ್ ಎನ್ನುತ್ತಿದ್ದರು, ಜರ್ಮನ್ ಹೆಸರು ಇಟಾಲಿಯನ್, ಫ್ರೆಂಚ್ ದಾಟಿ ಅಲ್ಲಿಂದಲೇ ಬಂದದ್ದು.

ನಮಗೆ ಹೆಚ್ಚು ಉಪಯೋಗಕ್ಕೆ ಬರುವ ವಿಷಯ ಇದರ ನೆಂಟಸ್ತಿಕೆ. ಸೆಲರಿ ಸೇರಿರುವ ಸಸ್ಯ ಕುಟುಂಬದಲ್ಲೇ ಕೊತ್ತಂಬರಿ, ಜೀರಿಗೆ, ಓಂಕಾಳು, ಸೋಂಪು, ಸಬ್ಬಸಿಗೆ, ಕ್ಯಾರೆಟ್ ಇವೆ. ಇಂಗು ಕೊಡುವ ಗಿಡವೂ ಇದೇ ಕುಟುಂಬ. ತಂಬುಳಿ ಮಾಡುವ ಒಂದೆಲಗವೂ ಇದೇ ಕುಟುಂಬ. ಅಂದರೆ ಊರಿಂದ ಹೊತ್ತು ತಂದ ಮಸಾಲೆ ಡಬ್ಬಿ ತೆಗೆದರೆ ಅದರೊಳಗೆ ಈ ಗೆಡ್ಡೆಯ ಅರ್ಧ ಸಂಸಾರ ಕೂತಿರತ್ತೆ. ಜೀರಿಗೆ, ಕೊತ್ತಂಬರಿಯ ಜೊತೆ ಇದರ ಪರಿಮಳ ಜಗಳ ಆಡದೆ ಹೊಂದಿಕೊಳ್ಳೋದು ಇದಕ್ಕೇ ಇರಬೇಕು. ಈ ನೆಂಟಸ್ತಿಕೆಗೆ ಒಂದು ಅಪಾಯದ ಮುಖವೂ ಇದೆ. ಅದನ್ನು ಆರನೇ ಭಾಗದಲ್ಲಿ ಹೇಳಿದ್ದೇವೆ, ದಯವಿಟ್ಟು ಬಿಟ್ಟು ಓದಬೇಡಿ.

೨. ಅಂಗಡಿಯಲ್ಲಿ ಆರಿಸುವುದು

ಇಲ್ಲಿ ಸೆಲರಿ ಗೆಡ್ಡೆಯ ಮುಖ್ಯ ಕೊಯ್ಲು ಶರತ್ಕಾಲದಲ್ಲಿ, ಅಂದರೆ ಅಕ್ಟೋಬರ್, ನವೆಂಬರ್ ಹೊತ್ತಿಗೆ. ತಣ್ಣಗಿನ ಉಗ್ರಾಣದಲ್ಲಿ ಚಳಿಗಾಲ ಪೂರ್ತಿ ಕೆಡದೆ ಇರುತ್ತದೆ. ಅದಕ್ಕೇ ಬೇರೆ ತರಕಾರಿಗಳ ಬೆಲೆ ಏರುವ ಕಾಲದಲ್ಲೂ ಇದು ಅಗ್ಗ.

ಕೊಳ್ಳುವಾಗ ಮೂರು ವಿಷಯ ನೋಡಿ. ಮೊದಲನೆಯದು ತೂಕ: ಕೈಯಲ್ಲಿ ಹಿಡಿದರೆ ಗಾತ್ರಕ್ಕೆ ತಕ್ಕ ಭಾರ ಇರಬೇಕು. ಎರಡನೆಯದು ಶಬ್ದ: ತೆಂಗಿನಕಾಯಿ ತಟ್ಟಿ ನೋಡುವ ಹಾಗೆ ಬೆರಳಿಂದ ತಟ್ಟಿ, ಡೊಳ್ಳು ಶಬ್ದ ಬಂದರೆ ಒಳಗೆ ಪೊಳ್ಳು ಅಥವಾ ಸ್ಪಂಜಿನಂತೆ ಆಗಿರಬಹುದು. ಮೂರನೆಯದು ಗಾತ್ರ: ಬಹಳ ದೊಡ್ಡದು ಬೇಡ, 600ರಿಂದ 900 ಗ್ರಾಂ ತೂಗುವುದು ಸಾಕು. ಗಂಟು ಕಡಿಮೆ ಇದ್ದಷ್ಟೂ ಸಿಪ್ಪೆಯಲ್ಲಿ ಹೋಗುವುದು ಕಡಿಮೆ.

ಒಂದೇ ಸಲ ಪೂರ್ತಿ ಗೆಡ್ಡೆ ಕೊಳ್ಳಲು ಧೈರ್ಯ ಬಾರದವರು ಝುಪ್ಪೆನ್‌ಗ್ರ್ಯೂನ್ ಎಂಬ ಕಟ್ಟು ಕೊಳ್ಳಬಹುದು. ಸೂಪಿಗೆಂದು ಕಟ್ಟಿದ ಈ ಕಂತೆಯಲ್ಲಿ ಸಾಮಾನ್ಯವಾಗಿ ಕ್ಯಾರೆಟ್, ಲೀಕ್, ಒಂದು ತುಂಡು ಸೆಲರಿ ಗೆಡ್ಡೆ ಇರುತ್ತವೆ, ಕೆಲವು ಕಡೆ ಪಾರ್ಸ್ಲಿಯೂ ಇರುತ್ತದೆ. ಒಬ್ಬರಿಗೆ ಎರಡು ಹೊತ್ತಿನ ಹುಳಿಗೆ ಅಷ್ಟೇ ಸಾಕು.

ಮನೆಗೆ ತಂದ ಮೇಲೆ ತೊಳೆಯದೆ ಫ್ರಿಜ್‌ನ ತರಕಾರಿ ಡ್ರಾಯರ್‌ನಲ್ಲಿಟ್ಟರೆ ಎರಡು ಮೂರು ವಾರ ಧಾರಾಳವಾಗಿ ಇರುತ್ತದೆ. ಕತ್ತರಿಸಿದ ಮೇಲೆ ಉಳಿದದ್ದನ್ನು ಒದ್ದೆ ಬಟ್ಟೆಯಲ್ಲಿ ಸುತ್ತಿ ಡಬ್ಬಿಯಲ್ಲಿಡಿ, ಒಂದು ವಾರದೊಳಗೆ ಮುಗಿಸಿ.

೩. ಕತ್ತರಿಸುವುದು

ಸುವರ್ಣಗೆಡ್ಡೆ ಹೆಚ್ಚಿದ ಅನುಭವ ಇದ್ದವರಿಗೆ ಇದು ಸುಲಭ, ಇದರಲ್ಲಿ ಕೈ ತುರಿಸುವ ತಾಪತ್ರಯವೂ ಇಲ್ಲ. ಮೇಲೆ, ಕೆಳಗೆ ಒಂದೊಂದು ಚೂರು ಕತ್ತರಿಸಿ ಗೆಡ್ಡೆ ಅಲುಗಾಡದಂತೆ ಚಪ್ಪಟೆಯಾಗಿ ನಿಲ್ಲಿಸಿ. ಆಮೇಲೆ ಚಾಕುವಿನಿಂದ ಮೇಲಿಂದ ಕೆಳಕ್ಕೆ ಸಿಪ್ಪೆ ಇಳಿಸುತ್ತಾ ಬನ್ನಿ. ಪೀಲರ್ ಇಲ್ಲಿ ಹೆಚ್ಚು ಪ್ರಯೋಜನಕ್ಕೆ ಬರೋದಿಲ್ಲ, ಗಂಟುಗಳ ಸಂದಿಯ ಮಣ್ಣು ಹಾಗೇ ಉಳಿದುಬಿಡತ್ತೆ. ಸುಮಾರು ಕಾಲು ಭಾಗ ಸಿಪ್ಪೆಯಲ್ಲಿ ಹೋಗುತ್ತದೆ. 800 ಗ್ರಾಂ ಗೆಡ್ಡೆಯಲ್ಲಿ 600 ಗ್ರಾಂ ಉಳಿಯಿತು ಎಂದು ಲೆಕ್ಕ ಇಟ್ಟುಕೊಳ್ಳಿ.

ಕತ್ತರಿಸಿದ ಹೋಳು ಗಾಳಿಗೆ ಕಂದು ಬಣ್ಣಕ್ಕೆ ತಿರುಗುತ್ತದೆ. ಬದನೆಕಾಯಿ, ಬಾಳೆಕಾಯಿಯಲ್ಲಿ ಆಗುವ ಕ್ರಿಯೆಯೇ ಇದು. ತರಕಾರಿಯ ಕಿಣ್ವಗಳು ಗಾಳಿಯ ಆಮ್ಲಜನಕದೊಂದಿಗೆ ಸೇರಿ ಬಣ್ಣ ಕೆಡಿಸುತ್ತವೆ. ನೀರಿಗೆ ಅರ್ಧ ನಿಂಬೆ ಹಿಂಡಿ ಹೋಳುಗಳನ್ನು ಅದರಲ್ಲಿ ಹಾಕಿಟ್ಟರೆ ಸರಿ.

೪. ನಾಲ್ಕು ಪ್ರಶ್ನೆ

ಯಾವ ಹೊಸ ತರಕಾರಿ ಕೈಗೆ ಬಂದರೂ ಈ ನಾಲ್ಕು ಪ್ರಶ್ನೆ ಕೇಳಿ. ಉತ್ತರ ಸಿಕ್ಕಿತೆಂದರೆ ಅಡುಗೆ ತಾನಾಗೇ ಹೊಳೆಯತ್ತೆ.

ನೀರೆಷ್ಟು? ಸೆಲರಿ ಗೆಡ್ಡೆಯಲ್ಲಿ ಸುಮಾರು 88 ಶೇಕಡಾ ನೀರು. ಆಲೂಗಡ್ಡೆಯಲ್ಲಿ ಇದು 80ರ ಆಸುಪಾಸು. ಆದ್ದರಿಂದ ಪಲ್ಯಕ್ಕೆ ನೀರು ಸುರಿಯಬೇಕಾಗಿಲ್ಲ, ಚಿಮುಕಿಸಿದರೆ ಸಾಕು.

ಪಿಷ್ಟವೆಷ್ಟು? ಕಡಿಮೆ. ಹಾಗಾಗಿ ಇದು ಆಲೂಗಡ್ಡೆಯ ಹಾಗೆ ಹಿಸುಕಿದರೆ ಅಂಟಿಕೊಂಡು ಮುದ್ದೆಯಾಗುವುದಿಲ್ಲ. ಮಸಾಲೆ ದೋಸೆಯ ಪಲ್ಯಕ್ಕೋ ಬೋಂಡಕ್ಕೋ ಇದನ್ನೊಂದನ್ನೇ ನಂಬಿಕೊಂಡರೆ ಒಳಗಿನ ಹೂರಣ ನೀರು ಬಿಡುತ್ತದೆ. ಅರ್ಧ ಆಲೂಗಡ್ಡೆ ಸೇರಿಸಬೇಕು. ಇದರಿಂದ ಇನ್ನೊಂದು ಮಾತೂ ಹೊರಡುತ್ತದೆ. 100 ಗ್ರಾಂ ಸೆಲರಿ ಗೆಡ್ಡೆಯಲ್ಲಿ ಇರುವುದು ಸುಮಾರು 40 ಕಿಲೋ ಕ್ಯಾಲರಿ, ಆಲೂಗಡ್ಡೆಯ ಅರ್ಧ. ಪ್ರೋಟೀನ್ ಸುಮಾರು ಒಂದೂವರೆ ಗ್ರಾಂ ಅಷ್ಟೇ. ಅಂದರೆ ಇದು ತರಕಾರಿ, ಅನ್ನದ ಬದಲಿ ಅಲ್ಲ. ಪರೀಕ್ಷೆ ಹಿಂದಿನ ದಿನ ಇದರ ಸೂಪ್ ಒಂದನ್ನೇ ಕುಡಿದು ಕೂತರೆ ರಾತ್ರಿ ಹತ್ತಕ್ಕೆ ಹೊಟ್ಟೆ ಚುರ್ ಅನ್ನತ್ತೆ. ಜೊತೆಗೆ ಬೇಳೆ ಇರಲಿ, ಅನ್ನವೋ ಚಪಾತಿಯೋ ಇರಲಿ.

ವಾಸನೆ ಎಲ್ಲಿಂದ? ಸೆಲರಿಯ ವಿಶಿಷ್ಟ ಘಮಕ್ಕೆ ಕಾರಣ ಥಾಲೈಡ್ ಎಂಬ ಸಂಯುಕ್ತಗಳು. ಇವು ಎಣ್ಣೆ, ತುಪ್ಪದಲ್ಲಿ ಚೆನ್ನಾಗಿ ಬೆರೆಯುತ್ತವೆ. ಹಸಿಯಾಗಿದ್ದಾಗ ಘಾಟು ಮುಂದೆ ನಿಲ್ಲುತ್ತದೆ, ಎಣ್ಣೆಯಲ್ಲಿ ಬಾಡಿಸಿದರೆ ಸಿಹಿ ಮುಂದೆ ಬರುತ್ತದೆ. ಬೇಳೆ ಸಾರಿಗೆ ಹಾಕಿದರೆ ಈರುಳ್ಳಿ, ಬೆಳ್ಳುಳ್ಳಿ ಇಲ್ಲದೆಯೂ ರುಚಿಗೆ ಒಂದು ಆಳ ಸಿಗುತ್ತದೆ. ಈರುಳ್ಳಿ ಬಳಸದ ಮನೆಗಳಿಂದ ಬಂದ ಗೆಳೆಯ ಗೆಳತಿಯರು ಇದನ್ನು ಗಮನಿಸಬೇಕು. ಹೊಸಬರು ಮೊದಲ ಸಲ ಹಸಿಯಾಗಿ ತಿಂದು ಮುಖ ಕಿವುಚುವ ಬದಲು ಮೊದಲು ಬಾಡಿಸಿ ತಿನ್ನಿ.

ಬೇಯಲು ಎಷ್ಟು ಹೊತ್ತು? ಒಂದೂವರೆ ಸೆಂಟಿಮೀಟರ್ ಹೋಳು ಕುದಿಯುವ ನೀರಿನಲ್ಲಿ 10ರಿಂದ 12 ನಿಮಿಷ. ಕುಕ್ಕರ್‌ನಲ್ಲಿ ಬೇಳೆ ಜೊತೆ ಮೂರು ಕೂಗು ಕೂಗಿಸಿದರೆ ಹೋಳು ಕಾಣದಂತೆ ಕರಗಿಹೋಗುತ್ತದೆ. ಬೇರೆಯಾಗಿ ಬೇಯಿಸಿ ಸೇರಿಸುವುದು ಒಳ್ಳೆಯದು.

೫. ಒಂದು ಗೆಡ್ಡೆ, ನಾಲ್ಕು ಊಟ

ಸಿಪ್ಪೆ ತೆಗೆದ 600 ಗ್ರಾಂ ಗೆಡ್ಡೆಯನ್ನು ಒಬ್ಬ ವಿದ್ಯಾರ್ಥಿ ಒಂದು ವಾರಕ್ಕೆ ಹಂಚಿಕೊಳ್ಳುವ ಬಗೆ ಇದು.

ಪಲ್ಯ (250 ಗ್ರಾಂ): ಒಂದು ಸೆಂಟಿಮೀಟರ್ ಹೋಳು ಮಾಡಿಕೊಳ್ಳಿ. ಎರಡು ಚಮಚ ಎಣ್ಣೆಗೆ ಸಾಸಿವೆ, ಉದ್ದಿನಬೇಳೆ, ಕಡಲೆಬೇಳೆ, ಒಣಮೆಣಸಿನಕಾಯಿ, ಇದ್ದರೆ ಕರಿಬೇವು. ಹೋಳು, ಅರಿಶಿನ, ಉಪ್ಪು ಹಾಕಿ, ಎರಡು ಮೂರು ಚಮಚ ನೀರು ಚಿಮುಕಿಸಿ ಮುಚ್ಚಿ. ಮಧ್ಯಮ ಉರಿಯಲ್ಲಿ ಏಳು ನಿಮಿಷ. ನಂತರ ಮುಚ್ಚಳ ತೆಗೆದು ಅಂಚು ಕೆಂಪಗಾಗುವ ತನಕ ನಾಲ್ಕು ನಿಮಿಷ ಬಿಡಿ, ಸಿಹಿ ಹೊರಬರುವುದು ಈ ನಾಲ್ಕು ನಿಮಿಷದಲ್ಲಿ. ತೆಂಗಿನ ತುರಿ ಇಲ್ಲದಿದ್ದರೆ ಇಲ್ಲಿನ ಒಣ ಕೊಬ್ಬರಿ ಪುಡಿಯನ್ನು ಬಿಸಿನೀರಲ್ಲಿ ಐದು ನಿಮಿಷ ನೆನೆಸಿ ಹಾಕಿ. ಕೊನೆಗೆ ನಿಂಬೆರಸ. ವಿದ್ಯಾರ್ಥಿ ನಿಲಯದಲ್ಲಿ ಇರುವವರಿಗೆ ಒಂದು ಮಾತು: ಒಗ್ಗರಣೆ ಹಾಕುವ ಮೊದಲೇ ಕಿಟಕಿ ತೆಗೆದು ಎಕ್ಸಾಸ್ಟ್ ಹಚ್ಚಿ. ಮೆಣಸಿನಕಾಯಿ ಘಾಟಿಗೆ ಹೊಗೆ ಅಲಾರಂ ಕೂಗಿದರೆ ಇಡೀ ಮಹಡಿ ಚಳಿಯಲ್ಲಿ ಹೊರಗೆ ನಿಲ್ಲಬೇಕಾಗತ್ತೆ.

ಹುಳಿ (200 ಗ್ರಾಂ): ತೊಗರಿಬೇಳೆ, ಕುಕ್ಕರ್ ಎರಡೂ ಇದ್ದರೆ ಸಂತೋಷ. ಇಲ್ಲದಿದ್ದರೆ ಇಲ್ಲಿನ ಎಲ್ಲ ಅಂಗಡಿಯಲ್ಲೂ ಸಿಗುವ ಕೆಂಪು ಮಸೂರ್ ಬೇಳೆ ತನ್ನಿ, ಅದು ತೆರೆದ ಪಾತ್ರೆಯಲ್ಲೇ ಕಾಲು ಗಂಟೆಯಲ್ಲಿ ಬೇಯುತ್ತದೆ. ಅರ್ಧ ಲೋಟ ಬೇಳೆಗೆ ಎರಡು ಸೆಂಟಿಮೀಟರ್ ಹೋಳುಗಳು. ಹೋಳು ಬೆಂದ ಮೇಲೆಯೇ ಹುಣಸೆರಸ ಹಾಕಬೇಕು. ಹುಳಿ ಮೊದಲೇ ಬಿದ್ದರೆ ತರಕಾರಿಯ ಪೆಕ್ಟಿನ್ ಸಡಿಲವಾಗದೆ ಹೋಳು ಗಟ್ಟಿಯಾಗೇ ಉಳಿಯುತ್ತದೆ. “ಹೋಳು ಬೆಂದಮೇಲೆ ಹುಳಿ ಹಾಕು” ಅಂತ ಮನೆಯಲ್ಲಿ ಹೇಳುತ್ತಿದ್ದದ್ದರ ಹಿಂದಿನ ರಸಾಯನ ಇಷ್ಟೇ. ಆಮೇಲೆ ಸಾರಿನ ಪುಡಿ, ಚಿಟಿಕೆ ಬೆಲ್ಲ, ಇಂಗಿನ ಒಗ್ಗರಣೆ.

ಕೋಸಂಬರಿ (100 ಗ್ರಾಂ): ಕಾಲು ಲೋಟ ಹೆಸರುಬೇಳೆಯನ್ನು ಒಂದು ಗಂಟೆ ನೆನೆಸಿ ಬಸಿಯಿರಿ. ಗೆಡ್ಡೆಯನ್ನು ಸಣ್ಣಗೆ ತುರಿದು ತಕ್ಷಣ ನಿಂಬೆರಸ ಬೆರೆಸಿ. ಅರ್ಧ ಸೇಬನ್ನೂ ತುರಿದು ಹಾಕಿ, ಸೇಬಿನ ಸಿಹಿಗೆ ಸೆಲರಿಯ ಘಾಟು ತಗ್ಗುತ್ತದೆ. ಇದು ನಮ್ಮ ಆವಿಷ್ಕಾರ ಅಲ್ಲ. ನ್ಯೂಯಾರ್ಕ್‌ನ ಹೋಟೆಲೊಂದರಲ್ಲಿ 1890ರ ದಶಕದಲ್ಲಿ ಹುಟ್ಟಿದ ವಾಲ್ಡಾರ್ಫ್ ಸಲಾಡ್‌ನಲ್ಲಿ ಸೇಬು, ಸೆಲರಿ ದಂಟು ಜೋಡಿಯಾದವು, ಜರ್ಮನಿಯಲ್ಲಿ ಅದೇ ಸಲಾಡನ್ನು ಹೆಚ್ಚಾಗಿ ಸೆಲರಿ ಗೆಡ್ಡೆಯಿಂದ ಮಾಡುತ್ತಾರೆ. ಅವರು ಮಯೊನೇಸ್ ಹಾಕುವ ಕಡೆ ನಾವು ಒಗ್ಗರಣೆ ಹಾಕುತ್ತೇವೆ. ಉಪ್ಪು ಮಾತ್ರ ತಿನ್ನುವ ಹೊತ್ತಿಗೇ ಹಾಕಿ, ಮೊದಲೇ ಹಾಕಿದರೆ ನೀರು ಬಿಟ್ಟುಕೊಳ್ಳತ್ತೆ.

ತಂಬುಳಿ (50 ಗ್ರಾಂ): ಉಳಿದ ಚೂರುಪಾರನ್ನು ತುರಿದು, ಒಂದು ಚಮಚ ತುಪ್ಪದಲ್ಲಿ ಅರ್ಧ ಚಮಚ ಜೀರಿಗೆ, ನಾಲ್ಕು ಕಾಳುಮೆಣಸಿನ ಜೊತೆ ಹಸಿ ವಾಸನೆ ಹೋಗುವ ತನಕ ಬಾಡಿಸಿ. ಆರಿದ ಮೇಲೆ ಎರಡು ಚಮಚ ಕಾಯಿತುರಿ ಸೇರಿಸಿ ರುಬ್ಬಿ, ಒಂದು ಲೋಟ ಮಜ್ಜಿಗೆಗೆ ಬೆರೆಸಿ. ಕುದಿಸಬಾರದು. ಒಂದೆಲಗದ ತಂಬುಳಿ ಉಂಡು ಬೆಳೆದವರಿಗೆ ಇದರ ದಾರಿ ಪರಿಚಿತವೇ. ಗೆಡ್ಡೆಯ ಜೊತೆ ಎಲೆ ಬಂದಿದ್ದರೆ ನಾಲ್ಕೈದು ಎಲೆ ಸೇರಿಸಬಹುದು. ಎಲೆಯ ಘಾಟು ಗೆಡ್ಡೆಗಿಂತ ಜೋರು, ಕೈ ಬಿಗಿ ಇರಲಿ.

ಇನ್ನೊಂದು ಗೆಡ್ಡೆ ತಂದಾಗ ಇಲ್ಲಿನವರ ಅಡುಗೆಯನ್ನೂ ಒಮ್ಮೆ ಮಾಡಿ ನೋಡಿ. ಒಂದು ಸೆಂಟಿಮೀಟರ್ ದಪ್ಪದ ಬಿಲ್ಲೆಗಳನ್ನು ಉಪ್ಪುನೀರಲ್ಲಿ ಐದಾರು ನಿಮಿಷ ಅರೆಬೇಯಿಸಿ, ಮೈದಾ, ಮೊಟ್ಟೆ, ಬ್ರೆಡ್ ಪುಡಿಯಲ್ಲಿ ಹೊರಳಿಸಿ ಕೆಂಪಗೆ ಹುರಿದರೆ ಅದು ಝೆಲ್ಲೆರಿ ಷ್ನಿಟ್ಸೆಲ್. ಮೊಟ್ಟೆ ತಿನ್ನದವರು ಅದೇ ಬಿಲ್ಲೆಗೆ ಖಾರದ ಪುಡಿ, ಅರಿಶಿನ, ಹುಣಸೆ ಪೇಸ್ಟ್ ಹಚ್ಚಿ, ಚಿರೋಟಿ ರವೆಯಲ್ಲಿ ಹೊರಳಿಸಿ ತವಾ ಮೇಲೆ ಬೇಯಿಸಿದರೆ ಕರಾವಳಿಯ ರವಾ ಫ್ರೈ. ಎರಡರ ವಿಧಾನವೂ ಒಂದೇ: ಹೊರಗೆ ಗರಿ, ಒಳಗೆ ಮೆತ್ತಗೆ. ಜರ್ಮನ್ ಫ್ಲಾಟ್‌ಮೇಟ್ ಜೊತೆ ಪಕ್ಕಪಕ್ಕದ ಒಲೆಯಲ್ಲಿ ಇವೆರಡನ್ನೂ ಮಾಡಿ ಹಂಚಿಕೊಂಡರೆ ಅವತ್ತಿನ ಭಾಷಾ ಪಾಠವೂ ಆಗಿಹೋಗತ್ತೆ.

೬. ಅಲರ್ಜಿ: ಇದನ್ನು ಎರಡು ಸಲ ಓದಿ

ಯುರೋಪಿಯನ್ ಒಕ್ಕೂಟದ ಆಹಾರ ಮಾಹಿತಿ ನಿಯಮದಲ್ಲಿ ಕಡ್ಡಾಯವಾಗಿ ಹೆಸರಿಸಬೇಕಾದ 14 ಅಲರ್ಜಿಕಾರಕಗಳ ಪಟ್ಟಿ ಇದೆ. ಕಡಲೆಕಾಯಿ, ಹಾಲು, ಗೋಧಿಯಂಥ ಧಾನ್ಯಗಳ ಜೊತೆ ಸೆಲರಿಯೂ ಆ ಪಟ್ಟಿಯಲ್ಲಿದೆ. 2014ರ ಡಿಸೆಂಬರ್‌ನಿಂದ ಪ್ಯಾಕೆಟ್ ಇಲ್ಲದೆ ಮಾರುವ ಆಹಾರಕ್ಕೂ ಈ ನಿಯಮ ಅನ್ವಯಿಸುತ್ತದೆ. ಕ್ಯಾಂಟೀನ್ ಮೆನುವಿನಲ್ಲಿ ತಿಂಡಿ ಹೆಸರಿನ ಪಕ್ಕ ಸಣ್ಣ ಅಕ್ಷರ, ಸಂಖ್ಯೆ ಕಾಣುವುದು ಇದಕ್ಕೇ.

ಸೆಲರಿ ಅಲರ್ಜಿ ಹೆಚ್ಚಾಗಿ ಪರಾಗದ ಅಲರ್ಜಿಯ ಜೊತೆ ಕಾಣಿಸಿಕೊಳ್ಳುತ್ತದೆ. ಇಲ್ಲಿ ವಸಂತದಲ್ಲಿ ಬರ್ಚ್ ಮರದ ಪರಾಗ, ಬೇಸಿಗೆಯಲ್ಲಿ ಮಗ್‌ವರ್ಟ್ ಗಿಡದ ಪರಾಗ ಗಾಳಿಯಲ್ಲಿರುತ್ತವೆ. ಅವುಗಳ ಪ್ರೋಟೀನನ್ನು ಹೋಲುವ ಪ್ರೋಟೀನ್ ಸೆಲರಿಯಲ್ಲೂ ಇರುವುದರಿಂದ ದೇಹ ಎರಡನ್ನೂ ಒಂದೇ ಎಂದು ತಿಳಿಯುತ್ತದೆ. ಊರಲ್ಲಿ ಯಾವ ಅಲರ್ಜಿಯೂ ಇರದಿದ್ದವರಿಗೆ ಇಲ್ಲಿ ಕೆಲವು ವರ್ಷ ಕಳೆದ ಮೇಲೆ ಪರಾಗದ ಅಲರ್ಜಿ ಶುರುವಾಗುವುದುಂಟು. “ನಂಗೆ ಅಂಥದ್ದೇನೂ ಇಲ್ಲ” ಎಂಬ ಹಳೆಯ ಉತ್ತರ ಇಲ್ಲಿ ಸಾಲದು.

ಸೆಲರಿ ತಿಂದಾಗ ತುಟಿ, ನಾಲಿಗೆ, ಗಂಟಲಲ್ಲಿ ತುರಿಕೆ ಅಥವಾ ಊತ ಬಂದರೆ ಅಲ್ಲಿಗೇ ನಿಲ್ಲಿಸಿ, ವೈದ್ಯರನ್ನು ಕಾಣಿ. ಉಸಿರಾಟದ ತೊಂದರೆ, ತಲೆಸುತ್ತು, ಮೈಯೆಲ್ಲ ದದ್ದು ಬಂದರೆ ಕಾಯಬೇಡಿ, 112ಕ್ಕೆ ಕರೆ ಮಾಡಿ. ಬೇಯಿಸಿದರೆ ಅಲರ್ಜಿ ಹೋಗುತ್ತದೆ ಎಂದು ನಂಬುವಂತಿಲ್ಲ. ಕೆಲವು ಪ್ರೋಟೀನ್ ಶಾಖಕ್ಕೆ ಒಡೆಯುತ್ತವೆ, ಕೆಲವು ಒಡೆಯುವುದಿಲ್ಲ. ಒಣ ಸೆಲರಿ ಪುಡಿಯೂ ಪ್ರತಿಕ್ರಿಯೆ ತರಬಲ್ಲದು. ಇಲ್ಲಿನ ತರಕಾರಿ ಸೂಪ್ ಪುಡಿ, ಕ್ಯೂಬ್‌ಗಳಲ್ಲಿ ಬಹುಪಾಲು ಸೆಲರಿ ಇರುತ್ತದೆ, ಪ್ಯಾಕೆಟ್ ಮೇಲೆ ಅದರ ಹೆಸರನ್ನು ದಪ್ಪಕ್ಷರದಲ್ಲೋ ಬೇರೆ ಬಗೆಯಲ್ಲೋ ಎದ್ದು ಕಾಣುವಂತೆ ಮುದ್ರಿಸಿರುತ್ತಾರೆ.

ಮೊದಲ ಭಾಗದ ನೆಂಟಸ್ತಿಕೆಯ ಅಪಾಯ ಇಲ್ಲಿದೆ. ಸೆಲರಿ ಅಲರ್ಜಿ ಇರುವ ಕೆಲವರಿಗೆ ಅದೇ ಕುಟುಂಬದ ಕ್ಯಾರೆಟ್, ಕೊತ್ತಂಬರಿ, ಜೀರಿಗೆ, ಸೋಂಪು ಕೂಡ ಆಗಿಬರುವುದಿಲ್ಲ. ಯುಗಾದಿ, ದೀಪಾವಳಿಗೆ ನಾವು ಎಲ್ಲರೂ ಒಂದೊಂದು ಅಡುಗೆ ತಂದು ಹಂಚಿಕೊಂಡು ಉಣ್ಣುವಾಗ ಪ್ರತಿ ಪಾತ್ರೆಯ ಮುಂದೆ ಒಂದು ಚೀಟಿ ಇಡೋಣ: ಅಡುಗೆಯ ಹೆಸರು, ಅದರಲ್ಲಿ ಏನೇನಿದೆ. “ಮನೆ ಅಡುಗೆ ತಾನೆ, ಏನಾಗತ್ತೆ” ಅನ್ನುವ ಮಾತು ಬಂದ ಅತಿಥಿಗೆ ದುಬಾರಿ ಆಗಬಾರದು.

೭. ಅಭ್ಯಾಸ

ಒಂದು: ಮುಂದಿನ ಸಲ ಅಂಗಡಿಗೆ ಹೋದಾಗ ಪಾಸ್ಟಿನಾಕೆ, ಷ್ಟೆಕ್‌ರ್ಯೂಬೆ, ಟೋಪಿನಂಬೂರ್ ಈ ಮೂರರಲ್ಲಿ ಒಂದನ್ನು ಆರಿಸಿ. ನೀರು, ಪಿಷ್ಟ, ವಾಸನೆ, ಬೇಯುವ ಹೊತ್ತು, ಈ ನಾಲ್ಕು ಪ್ರಶ್ನೆಗೆ ಉತ್ತರ ಬರೆಯಿರಿ. ಊರಿನ ಯಾವ ತರಕಾರಿಗೆ ಅದು ಹತ್ತಿರ ಎಂದು ಹೇಳಿ.

ಎರಡು: ನಿಮ್ಮ ಅಡುಗೆಮನೆಯಲ್ಲಿರುವ ಮೂರು ಪ್ಯಾಕೆಟ್ ತೆಗೆದು ಸೆಲರಿ ಇದೆಯೋ ಇಲ್ಲವೋ ಹುಡುಕಿ. ಎದ್ದು ಕಾಣುವಂತೆ ಮುದ್ರಿಸಿದ ಉಳಿದ ಪದಗಳ ಅರ್ಥವನ್ನೂ ತಿಳಿದುಕೊಳ್ಳಿ.

ಮೂರು: ಮನೆಗೆ ಫೋನ್ ಮಾಡಿ ಗೆಡ್ಡೆಯನ್ನು ಕ್ಯಾಮೆರಾ ಮುಂದೆ ಹಿಡಿದು “ಇದನ್ನ ಏನು ಮಾಡ್ಲಿ?” ಎಂದು ಕೇಳಿ. ಅಮ್ಮನೋ ಅಜ್ಜಿಯೋ ಅಪ್ಪನೋ ಕೇಳುವ ಮೊದಲ ಪ್ರಶ್ನೆ ಬಹುಶಃ ಮೇಲಿನ ನಾಲ್ಕರಲ್ಲಿ ಒಂದಾಗಿರುತ್ತದೆ. ಅವರು ಹೇಳಿದ ಅಡುಗೆಯನ್ನು ಬರೆದು ಕಳಿಸಿ, ಮುಂದಿನ ವರ್ಷದ ಸಂಚಿಕೆಯಲ್ಲಿ ಎಲ್ಲರ ಉತ್ತರಗಳನ್ನೂ ಒಟ್ಟಿಗೆ ಹಾಕೋಣ. ಮುಂದಿನ ಅಕ್ಟೋಬರ್‌ನಲ್ಲಿ ಬರುವ ಹೊಸಬರು ತಿನ್ನೋಕೆ ತರಕಾರಿನೇ ಇಲ್ಲ ಅಂದಾಗ ಅವರ ಕೈಗೆ ಕೊಡಲು ಆ ಪುಟಗಳು ಇರುತ್ತವೆ.